ಸಿಮೋನ್ ಸಿನ್ಯೋರೆಯ ಮುಖ

ಕಳೆದ ವೈಶಾಖಮಾಸದಲ್ಲಿ ನಮ್ಮ ಕಿರಿಯ ಮಗನ ವಿವಾಹವು ಯಥೋಚಿತವಾಗಿ ನೆರವೇರಿತು. ಅದಾದ ಎರಡು ತಿಂಗಳಿಗೆ ಫೋಟೋ ತೆಗೆದವರು ಆಲ್ಬಮನ್ನು ತಂದುಕೊಟ್ಟರು. ಊಟದ ಮಣೆಯಷ್ಟು ದಪ್ಪವಾದ ಪುಸ್ತಕ. ಅದಕ್ಕೊಂದು ಮಖಮಲ್ಲಿನ ಪೆಟ್ಟಿಗೆ ಬೇರೆ. ಮನೆಮಂದಿಯೆಲ್ಲ ಸುತ್ತಲೂ ಕುಳಿತು ಹಾಳೆಗಳನ್ನು ತಿರುವುತ್ತಿರುವಾಗ ನನ್ನ ಗೃಹಿಣಿಯು ಒಂದು ಚಿತ್ರದಲ್ಲಿ ತಡೆದು, ಕನ್ನಡಕವನ್ನು ಸರಿಪಡಿಸಿಕೊಂಡು, “ಇವಳು ಯಾರು?” ಎಂದು ಕೇಳಿದಳು.

ಚಿತ್ರದಲ್ಲಿದ್ದವಳು ಅವಳೇ. ಸೀರೆ ಅವಳದು, ಓಲೆ ಅವಳದು, ನಿಂತ ರೀತಿಯೂ ಅವಳದೇ. ಆದರೆ ಕಣ್ಣಂಚಿನ ಸುಕ್ಕುಗಳು, ಬಾಯಿಯ ಎರಡು ಪಕ್ಕಗಳ ಗೆರೆಗಳು, ಹಿರಿಯ ಮಗನು ಕೂಸಾಗಿದ್ದಾಗ ಬುಗುರಿಯನ್ನು ಎಸೆದು ಹಣೆಯ ಮೇಲೆ ಮಾಡಿದ್ದ ಗಾಯದ ಗುರುತು, ಇವೊಂದೂ ಅಲ್ಲಿರಲಿಲ್ಲ. ಈಗಿನ ಗಣಕಯಂತ್ರದಲ್ಲಿ ಬೆರಳಾಡಿಸುವಷ್ಟರಲ್ಲಿ ಇದು ಆಗಿಹೋಗುತ್ತದಂತೆ. ನಾನು ಮುಂದುಹಿಂದು ಯೋಚಿಸದೆ, “ಚೆನ್ನಾಗಿಯೇ ಇದೆಯಲ್ಲ!” ಎಂದುಬಿಟ್ಟೆನು.

“ಹಾಗಾದರೆ ಇಷ್ಟು ದಿನ ನೀವು ನೋಡುತ್ತಿದ್ದುದು ಚೆನ್ನಾಗಿರಲಿಲ್ಲವೋ?” ಎಂದು ಕೇಳಿ ಅವಳು ಎದ್ದು ಒಳಕ್ಕೆ ಹೋದಳು. ಆಮೇಲೆ ಮೂರು ದಿನಗಳ ಕಾಲ ನಮ್ಮ ಮನೆಯಲ್ಲಿ ಪಾತ್ರೆಗಳು ಮಾತನಾಡಿದುವೇ ಹೊರತು ಮನುಷ್ಯರು ಮಾತನಾಡಲಿಲ್ಲ.

ಆ ಮೂರು ದಿನಗಳಲ್ಲಿ ನನಗೆ ಮತ್ತೆ ಮತ್ತೆ ನೆನಪಾದವಳು ದೂರದ ಫ್ರಾನ್ಸ್ ದೇಶದ ಒಬ್ಬ ನಟಿ. ಈ ಬಗೆಯ ತಪ್ಪನ್ನು ನಾನು ಆಕೆಯ ವಿಷಯದಲ್ಲಿ ಹಿಂದೆ ಒಮ್ಮೆ ಮಾಡಿದ್ದೆನು. ನನಗೆ ಇಪ್ಪತ್ತು ವರ್ಷ ವಯಸ್ಸಾಗಿದ್ದಾಗ ಚಿತ್ರಸಂಘವೊಂದರ ಪ್ರದರ್ಶನದಲ್ಲಿ ಆಕೆಯನ್ನು ಮೊದಲ ಸಲ ಪರದೆಯ ಮೇಲೆ ಕಂಡು ಮನಸೋತಿದ್ದೆನು. ಹತ್ತು ಹನ್ನೆರಡು ವರ್ಷಗಳು ಕಳೆದ ತರುವಾಯ ಆಕೆಯ ಇನ್ನೊಂದು ಚಿತ್ರವನ್ನು ನೋಡಲು ಆಸೆಯಿಂದ ಹೋಗಿ, ಅರ್ಧ ಗಂಟೆಯವರೆಗೆ ಆಕೆಯೆಲ್ಲಿ ಎಂದು ಹುಡುಕುತ್ತ ಕುಳಿತಿದ್ದೆನು. ಊದಿದ ಮುಖದ, ಭಾರವಾದ ಮೈಯ, ಏದುಸಿರು ಬಿಡುತ್ತ ಮೆಟ್ಟಲೇರುತ್ತಿದ್ದ ಮುದುಕಿಯೇ ಆಕೆಯೆಂದು ತಿಳಿದಾಗ ನನಗೆ ಕನಿಕರ ಹುಟ್ಟಲಿಲ್ಲ, ಸಿಟ್ಟು ಬಂತು. ಟಿಕೀಟಿನ ಹಣವನ್ನು ತೆಗೆದುಕೊಂಡು ಬೇರೆ ಪದಾರ್ಥವನ್ನು ಕೊಟ್ಟು ಕಳುಹಿಸಿದ ಅಂಗಡಿಯವನ ಮೇಲೆ ಬರುವಂಥ ಸಿಟ್ಟು. ಈಗ ಅದನ್ನು ನೆನೆದರೆ ನಾಚಿಕೆಯಾಗುತ್ತದೆ.

ಆಕೆಯ ಹೆಸರು ಸಿಮೋನ್ ಸಿನ್ಯೋರೆ. ಇದು ಹುಟ್ಟಿದಾಗಿನ ಹೆಸರಲ್ಲ. 1921ನೆಯ ಇಸವಿ ಮಾರ್ಚ್ 25ರಂದು ಜರ್ಮನಿಯ ವೀಸ್‌ಬಾಡೆನ್ ಪಟ್ಟಣದಲ್ಲಿ ಹುಟ್ಟಿದಾಗ ಆಕೆ ಸಿಮೋನ್ ಕಾಮಿಂಕೇರ್ ಆಗಿದ್ದಳು. ಮೊದಲನೆಯ ಮಹಾಯುದ್ಧದ ತರುವಾಯ ರೈನ್ ನದಿಯ ಪ್ರಾಂತ್ಯವು ಫ್ರೆಂಚರ ವಶದಲ್ಲಿದ್ದ ಕಾಲವದು. ತಂದೆ ಆಂದ್ರೆ ಕಾಮಿಂಕೇರ್ ಅಲ್ಲಿ ಫ್ರೆಂಚ್ ಸೇನೆಯ ಉದ್ಯೋಗದಲ್ಲಿದ್ದನು. ಆತನು ಯೆಹೂದ್ಯ ಮನೆತನದವನು. ಪೂರ್ವಿಕರು ಪೋಲೆಂಡಿನ ಕಡೆಯವರು. ಆತನು ಬಹುಭಾಷಾ ಕೋವಿದನಾಗಿ, ಒಬ್ಬರು ಆಡುತ್ತಿರುವಾಗಲೇ ಇನ್ನೊಂದು ಭಾಷೆಗೆ ಮಾತನ್ನು ತಿರುಗಿಸಿ ಹೇಳುವ ದುಭಾಷಿಯ ವೃತ್ತಿಯಲ್ಲಿ ಮುಂದೆ ಬಹಳ ಹೆಸರು ಗಳಿಸಿದನು. ತಾಯಿ ಜಾರ್ಜೆಟ್ ಸಿನ್ಯೋರೆ ಯೆಹೂದ್ಯಳಲ್ಲ. ಸಿಮೋನಳು ಮೂವರು ಮಕ್ಕಳಲ್ಲಿ ಹಿರಿಯವಳು, ಇಬ್ಬರು ತಮ್ಮಂದಿರು. ಪ್ಯಾರಿಸಿನ ಅಂಚಿನಲ್ಲಿ ಅನುಕೂಲಸ್ಥರು ವಾಸಮಾಡುವ ನೊಯಿ ಎಂಬ ಬಡಾವಣೆಯಲ್ಲಿ ಬಾಲ್ಯವು ಸುಖವಾಗಿಯೇ ಕಳೆಯಿತು.

1940ರಲ್ಲಿ ಜರ್ಮನರು ಫ್ರಾನ್ಸಿನೊಳಕ್ಕೆ ನುಗ್ಗಿದರು. ತಂದೆಯು ಲಂಡನ್ನಿಗೆ ಹೋಗಿ ಜನರಲ್ ದ ಗಾಲನ ಪಕ್ಷವನ್ನು ಸೇರಿದನು. ತಾಯಿಯೂ ಮೂವರು ಮಕ್ಕಳೂ ಕೈಯಲ್ಲಿ ಕಾಸಿಲ್ಲದೆ ಹಿಂದೆ ಉಳಿದರು. ಕೆಲವು ಕಾಲ ಬ್ರಿಟನಿ ಪ್ರಾಂತ್ಯದಲ್ಲಿ ನೆಲೆಸಿದ್ದಾಗ ಅಲ್ಲಿನ ವಾನ್ ಪಟ್ಟಣದ ಪಾಠಶಾಲೆಯಲ್ಲಿ ಸಿಮೋನಳಿಗೆ ಚರಿತ್ರೆಯನ್ನು ಹೇಳಿಕೊಟ್ಟ ಉಪಾಧ್ಯಾಯಿನಿಯು ಮುಂದೆ ಲ್ಯೂಸಿ ಓಬ್ರಾಕ್ ಎಂಬ ಹೆಸರಿನಿಂದ, ಜರ್ಮನರನ್ನು ಗುಪ್ತವಾಗಿ ಎದುರಿಸಿದ ವೀರರ ಪೈಕಿ ಒಬ್ಬಳಾಗಿ ಪ್ರಖ್ಯಾತಳಾದಳು. ಶಿಷ್ಯೆಯು ಅಂಥ ವೀರಳಾಗಲಿಲ್ಲ. ಪ್ಯಾರಿಸಿಗೆ ಹಿಂತಿರುಗಿ ಮನೆಪಾಠ ಹೇಳಿದಳು. ಅದರಿಂದ ಸಂಸಾರವು ಸಾಗದಿರಲು ಒಂದು ಪತ್ರಿಕಾ ಕಚೇರಿಯಲ್ಲಿ ಬೆರಳಚ್ಚಿನ ಕೆಲಸಕ್ಕೆ ಸೇರಿದಳು. ಆ ಪತ್ರಿಕೆ ಎಂಥದು? ಜರ್ಮನರ ಪಕ್ಷವನ್ನು ವಹಿಸಿ ಬರೆಯುತ್ತಿದ್ದಂಥದು. ಅದರ ಒಡೆಯ ಜಾಂ ಲ್ಯುಶೇರನ ಮಗಳು ಸಿಮೋನಳ ಸಹಪಾಠಿಯಾಗಿದ್ದುದರಿಂದ ಕೆಲಸವು ಸಿಕ್ಕಿತು. ಯುದ್ಧಾನಂತರ 1946ರಲ್ಲಿ ದೇಶದ್ರೋಹಕ್ಕಾಗಿ ಆತನನ್ನು ಗುಂಡಿಟ್ಟು ಕೊಂದರು.

ಯೆಹೂದ್ಯನ ಮಗಳು, ಅದೂ ಲಂಡನ್ನಿಗೆ ಹೋದವನ ಮಗಳು, ಶತ್ರುವಿನ ತಾಳಕ್ಕೆ ಕುಣಿಯುವ ಪತ್ರಿಕೆಯ ಸಂಬಳದಿಂದ ತಾಯಿಗೂ ತಮ್ಮಂದಿರಿಗೂ ಅನ್ನವಿಕ್ಕಿದಳು. ಪಿಂಗಾಣಿಯ ಹೂದಾನಿಯನ್ನು ಹಿಡಿದುಕೊಂಡಂತೆ ಚರಿತ್ರೆಯನ್ನು ಹಿಡಿದುಕೊಳ್ಳುವವರಿಗೆ ಇದು ಹಿತವಾದ ಸಂಗತಿಯಲ್ಲ. ಆಕೆ ಇದನ್ನು ಮುಚ್ಚಿಡಬಹುದಾಗಿತ್ತು. ಕೇಳುವವರು ಯಾರೂ ಇರಲಿಲ್ಲ. ಮೂವತ್ತೈದು ವರ್ಷಗಳ ತರುವಾಯ ಆತ್ಮಕಥೆಯನ್ನು ಬರೆಯುವಾಗ ಅದನ್ನು ಇದ್ದಂತೆಯೇ ಹೇಳಿದಳು. ತನ್ನನ್ನು ಸಮರ್ಥಿಸಿಕೊಳ್ಳಲು ಹೋಗದೆ, ಗೋಳಾಡಲೂ ಹೋಗದೆ ಹೇಳಿದಳು. ನನಗೆ ಆಕೆಯ ಮೇಲೆ ಗೌರವ ಮೂಡಿದುದು ಆ ಭಾಗದಿಂದ.

1941ರಲ್ಲಿ ಆ ಕೆಲಸವನ್ನು ಬಿಟ್ಟು, ಸೇನ್ ನದಿಯ ಎಡದಂಡೆಯ ‘ಕಫೆ ದ ಫ್ಲೋರ್’ ಎಂಬ ಕಾಫಿ ಹೋಟಲಿನ ಕವಿಗಳು, ನಟರು, ಚಿತ್ರಗಾರರು, ನಿರುದ್ಯೋಗಿಗಳು ಇವರ ಗುಂಪನ್ನು ಸೇರಿದಳು. ಅಲ್ಲಿಂದ ಸಿನಿಮಾದ ಹುಚ್ಚು. ಆದರೆ ಆ ಕಾಲದಲ್ಲಿ ನಟನೆಗೆ ಪರವಾನಗಿಯ ಚೀಟಿ ಬೇಕಾಗಿತ್ತು. ಯೆಹೂದ್ಯ ರಕ್ತದವರಿಗೆ ಆ ಚೀಟಿಯಿಲ್ಲ. ಆದಕಾರಣ ಮಾತಿಲ್ಲದ, ಹೆಸರಿಲ್ಲದ, ಗುಂಪಿನಲ್ಲಿ ನಿಲ್ಲುವ ವೇಷಗಳನ್ನು ಚೀಟಿಯಿಲ್ಲದೆಯೇ ಹಾಕಿದಳು. ಮಾರ್ಸೆಲ್ ಕಾರ್ನೆಯು 1942ರಲ್ಲಿ ತೆಗೆದ ಪ್ರಸಿದ್ಧ ಚಿತ್ರವೊಂದರಲ್ಲಿ ಅರಮನೆಯ ಔತಣದ ಅತಿಥಿಗಳ ನಡುವೆ ಆಕೆಯೂ ಇದ್ದಾಳೆ, ಹುಡುಕಿ ನೋಡಬೇಕು. ತಂದೆಯ ಹೆಸರನ್ನು ಬಿಟ್ಟು ತಾಯಿಯ ಹೆಸರನ್ನು ಇಟ್ಟುಕೊಂಡುದು ಆಗಲೇ. ನಟಿಯರು ಹೆಸರು ಬದಲಿಸುವುದು ಸಾಮಾನ್ಯವಾಗಿ ಚಂದಕ್ಕೆ. ಈಕೆ ಬದಲಿಸಿದುದು ಬದುಕಿ ಉಳಿಯುವುದಕ್ಕೆ.

ಯುದ್ಧ ಮುಗಿಯಿತು. ನಿರ್ದೇಶಕ ಈವ್ ಅಲೆಗ್ರೆಯ ಸಂಗಡ ಸಂಸಾರ ಹೂಡಿ 1946ರಲ್ಲಿ ಕ್ಯಾಥರೀನ್ ಎಂಬ ಮಗಳನ್ನು ಹೆತ್ತಳು. ಆತನ ಚಿತ್ರಗಳಿಂದಲೇ, ವಿಶೇಷವಾಗಿ 1948ರ ‘ದೇದೆ ದಾಂವೇರ್’ ಎಂಬುದರಿಂದ, ಹೆಸರಾಯಿತು. ಮರುವರ್ಷ ಆಗಸ್ಟಿನಲ್ಲಿ ದಕ್ಷಿಣ ಫ್ರಾನ್ಸಿನ ಸಂ ಪಾಲ್ ಎಂಬ ಬೆಟ್ಟದೂರಿನಲ್ಲಿ, ‘ಬಂಗಾರದ ಪಾರಿವಾಳ’ ಎಂಬರ್ಥದ ಹೆಸರುಳ್ಳ ಹೋಟಲಿನಲ್ಲಿ, ಗಾಯಕನೂ ನಟನೂ ಆದ ಈವ್ ಮೊಂತಾನನ್ನು ಕಂಡಳು. ಕೆಲವೇ ದಿನಗಳಲ್ಲಿ ಆಕೆಯ ಹಿಂದಿನ ಸಂಸಾರವು ಮುರಿಯಿತು. 1951ರ ಡಿಸೆಂಬರಿನಲ್ಲಿ ಇವರಿಬ್ಬರ ವಿವಾಹವು ಅದೇ ಊರಿನಲ್ಲಿ ನಡೆಯಿತು. ಗೃಹಸ್ಥರ ಪತ್ರಿಕೆಯಲ್ಲಿ ಇದನ್ನು ಹೊಗಳಿ ಬರೆಯಬೇಕೆಂದು ನನಗೆ ತೋರುವುದಿಲ್ಲ. ಅಳಿಸಿ ಬರೆಯಬೇಕೆಂದೂ ತೋರುವುದಿಲ್ಲ.

ನಾನು ಇಪ್ಪತ್ತರ ವಯಸ್ಸಿನಲ್ಲಿ ಕಂಡ ಚಿತ್ರವೆಂದರೆ 1952ರ ‘ಕಾಸ್ಕ್ ದೋರ್’, ಎಂದರೆ ‘ಚಿನ್ನದ ಶಿರಸ್ತ್ರಾಣ’. ಜಾಕ್ ಬೆಕೇರ್ ಎಂಬವನು ನಿರ್ದೇಶಿಸಿದ್ದು. ಇಪ್ಪತ್ತನೆಯ ಶತಮಾನದ ಮೊದಲ ವರ್ಷಗಳ ಪ್ಯಾರಿಸಿನ ಪುಂಡರ ಕೇರಿ. ತಲೆಯ ಮೇಲೆ ಹೊಂಬಣ್ಣದ ಕೂದಲನ್ನು ಕಿರೀಟದಂತೆ ಸುತ್ತಿ ಕಟ್ಟಿದ ಮಾರಿ ಎಂಬ ಹೆಂಗಸು. ಆಕೆಗಾಗಿ ಕೊಲೆಮಾಡಿ ಸಿಕ್ಕಿಬೀಳುವ ಬಡಗಿ. ಕಥೆ ಇಷ್ಟೇ. ಕೊನೆಯಲ್ಲಿ ಬಡಗಿಯನ್ನು ಗಿಲೋಟಿನ್ನಿಗೆ ಒಯ್ಯುವ ಮುಂಜಾವಿಗೆ ಮುನ್ನ ಮಾರಿಯು ಸೆರೆಮನೆಯ ಅಂಗಳ ಕಾಣುವಂಥ ಮೇಲುಪ್ಪರಿಗೆಯ ಕೋಣೆಯನ್ನು ಬಾಡಿಗೆಗೆ ಹಿಡಿದು ಕಿಟಕಿಯ ಬಳಿ ಕಾಯುತ್ತಾಳೆ. ಅಲಗು ಬೀಳುವಾಗ ಆಕೆ ಚೀರುವುದಿಲ್ಲ. ತಲೆ ಮಾತ್ರ ಮುಂದಕ್ಕೆ ಬಾಗುತ್ತದೆ. ಅಲ್ಲಿಯವರೆಗೂ ಆಕೆಯ ಚೆಲುವಿಗೆ ಸೋತಿದ್ದ ನಾನು ಆ ಕ್ಷಣದಲ್ಲಿ ಚೆಲುವನ್ನು ಮರೆತಿದ್ದೆನೆಂಬುದು ಈಗ ನೆನಪಾಗುತ್ತದೆ. ಆದರೆ ಮನೆಗೆ ತಂದುಕೊಂಡುದು ಚೆಲುವನ್ನೇ.

ಆಶ್ಚರ್ಯವೆಂದರೆ ಫ್ರಾನ್ಸಿನಲ್ಲಿ ಆ ಚಿತ್ರವು ಮೊದಲಿಗೆ ಸೋತಿತು. ಆಕೆಗೆ ಬಹುಮಾನ ಕೊಟ್ಟವರು ಇಂಗ್ಲಿಷರು. ಸಮುದ್ರದಾಚೆ ಅಮೆರಿಕದಲ್ಲಿ ಯೂನಿಸ್ ವೇಮನ್ ಎಂಬ ಕಪ್ಪು ಹುಡುಗಿಯೊಬ್ಬಳು 1954ರಲ್ಲಿ ಪಾನಗೃಹವೊಂದರಲ್ಲಿ ಪಿಯಾನೋ ನುಡಿಸುವ ಕೆಲಸಕ್ಕೆ ಸೇರಿ, ಧರ್ಮಭೀರುವಾದ ತಾಯಿಗೆ ಗೊತ್ತಾಗಬಾರದೆಂದು ಬೇರೆ ಹೆಸರನ್ನು ಹುಡುಕುತ್ತಿದ್ದಾಗ ಈ ನಟಿಯ ಹೆಸರನ್ನು ಆರಿಸಿಕೊಂಡಳು. ಆ ಹುಡುಗಿಯೇ ಜಗದ್ವಿಖ್ಯಾತ ಗಾಯಕಿ ನೀನಾ ಸಿಮೋನ್. ಹೆಸರನ್ನು ಮರೆಸಿಕೊಂಡು ಬದುಕಿದವಳ ಹೆಸರು ಇನ್ನೊಬ್ಬಳಿಗೆ ಮರೆಯಾಗಿ ಒದಗಿತು.

ಮುಂದಿನ ಕೆಲವು ವರ್ಷಗಳನ್ನು ಬೇಗ ದಾಟುತ್ತೇನೆ. 1953ರಲ್ಲಿ ‘ತೆರೇಸ್ ರಾಕಾಂ’, 1955ರಲ್ಲಿ ಕ್ಲೂಜೋ ತೆಗೆದ ‘ಲೆ ದ್ಯಾಬೋಲಿಕ್’. ಈ ಎರಡನೆಯದನ್ನು ರಾತ್ರಿ ಒಬ್ಬರೇ ನೋಡಬಾರದು. ದಂಪತಿಗಳಿಬ್ಬರೂ ಎಡಪಂಥದ ಕಡೆಗೆ ಒಲಿದವರು. 1950ರಲ್ಲಿ ಅಣುಬಾಂಬಿನ ವಿರುದ್ಧದ ಸ್ಟಾಕ್‌ಹೋಮ್ ಮನವಿಗೆ ಸಹಿ ಹಾಕಿದ್ದರು. ಅದರ ಫಲವಾಗಿ ಬಹಳ ವರ್ಷ ಅಮೆರಿಕದ ಬಾಗಿಲು ಅವರಿಗೆ ಮುಚ್ಚಿತ್ತು. 1956ರ ಶರತ್ಕಾಲದಲ್ಲಿ ಸೋವಿಯತ್ ಟ್ಯಾಂಕುಗಳು ಹಂಗೆರಿಯನ್ನು ತುಳಿದಾಗ ಮೊಂತಾನನ ಮಾಸ್ಕೋ ಸಂಗೀತ ಪ್ರವಾಸವು ಮೊದಲೇ ಗೊತ್ತಾಗಿತ್ತು. ಹೋಗಬಾರದೆಂದು ಅರ್ಧ ಪ್ಯಾರಿಸು ಬಯ್ದಿತು. ಹೋಗಲೇಬೇಕೆಂದು ಇನ್ನರ್ಧ ಬಯ್ದಿತು. ಹೋದರು. ಕ್ರುಶ್ಚೇವನೊಡನೆ ಊಟಕ್ಕೆ ಕುಳಿತಾಗ ಹಂಗೆರಿಯಲ್ಲಿ ನೀವು ಮಾಡಿದುದೇನು ಎಂದು ನೇರವಾಗಿ ಕೇಳಿದರು. ಬಂದ ಉತ್ತರದಿಂದ ಮನಸ್ಸು ತುಂಬಲಿಲ್ಲ. ಆ ಪ್ರವಾಸವನ್ನೂ ಆಕೆ ಮುಂದೆ ಮರೆಮಾಚಲಿಲ್ಲ. 1970ರಲ್ಲಿ ‘ಲಾವೂ’ ಎಂಬ ಚಿತ್ರದಲ್ಲಿ, ಪ್ರಾಗ್ ನಗರದ ಕಮ್ಯೂನಿಸ್ಟ್ ಸರಕಾರವು ಚಿತ್ರಹಿಂಸೆಯಿಂದ ಸುಳ್ಳು ತಪ್ಪೊಪ್ಪಿಗೆಯನ್ನು ಹೇಳಿಸಿದ ಅಧಿಕಾರಿಯ ಪಾತ್ರವನ್ನು ಮೊಂತಾನನು ವಹಿಸಿದನು. ಪಕ್ಷದ ಮೇಲಿನ ಭಕ್ತಿಯಿಂದ ಗಂಡನನ್ನೇ ದ್ರೋಹಿಯೆಂದು ನಂಬಿಬಿಡುವ ಹೆಂಡತಿಯ ಪಾತ್ರವನ್ನು ಸಿಮೋನಳು ವಹಿಸಿದಳು. ತಾವೇ ಒಂದು ಕಾಲಕ್ಕೆ ನಂಬಿದ್ದುದರ ಲೆಕ್ಕವನ್ನು ಎಲ್ಲರೆದುರಿಗೆ ಒಪ್ಪಿಸಿದಂತಾಯಿತು. ನಮ್ಮಲ್ಲಿ ಎಷ್ಟು ಮಂದಿ ಹಳೆಯ ನಂಬಿಕೆಗಳ ಲೆಕ್ಕವನ್ನು ಒಪ್ಪಿಸುತ್ತೇವೆ? ಇರಲಿ.

1959ರಲ್ಲಿ ಇಂಗ್ಲೆಂಡಿನ ಜಾಕ್ ಕ್ಲೇಟನ್ ನಿರ್ದೇಶಿಸಿದ ‘ರೂಮ್ ಅಟ್ ದಿ ಟಾಪ್’ ಬಂತು. ಮೇಲಕ್ಕೇರುವ ಹಟ ತೊಟ್ಟ ಬಡ ಯುವಕನೊಬ್ಬನು ತನಗಿಂತ ಹಿರಿಯಳೂ ಸಂಸಾರದಲ್ಲಿ ನೊಂದವಳೂ ಆದ ಆಲಿಸ್ ಎಂಬುವಳ ಪ್ರೀತಿಯನ್ನು ಪಡೆದು, ಕೊನೆಗೆ ಶ್ರೀಮಂತನ ಮಗಳಿಗಾಗಿ ಆಕೆಯನ್ನು ತೊರೆಯುತ್ತಾನೆ. ಮೂಲ ಕಾದಂಬರಿಯಲ್ಲಿ ಆಲಿಸ್ ಇಂಗ್ಲಿಷ್ ಹೆಂಗಸು; ಸಿಮೋನಳಿಗಾಗಿ ಪಾತ್ರವನ್ನೇ ಫ್ರೆಂಚಳನ್ನಾಗಿ ಮಾಡಿದರು. ತನ್ನ ವಯಸ್ಸನ್ನು ತಿಳಿದ, ಅದರಿಂದಾಗಿ ತಾನು ಸೋಲುವೆನೆಂಬುದನ್ನೂ ಬಲ್ಲ ಹೆಂಗಸಿನ ಮುಖವನ್ನು ಅಷ್ಟು ಹತ್ತಿರದಿಂದ ತೋರಿಸುವ ಧೈರ್ಯವು ಆ ಕಾಲದ ಸಿನಿಮಾದಲ್ಲಿ ಅಪರೂಪ. ಕಾನ್ ಉತ್ಸವದ ಬಹುಮಾನವು ಬಂತು. 1960ರ ಏಪ್ರಿಲ್ 4ರಂದು, ಬಹುಕಾಲ ಮುಚ್ಚಿದ್ದ ಅಮೆರಿಕದಲ್ಲಿಯೇ, ಆಸ್ಕರ್ ಪಾರಿತೋಷಕವು ಬಂತು. ಎದುರು ಕಣದಲ್ಲಿದ್ದವರು ಎಲಿಜಬೆತ್ ಟೇಲರ್, ಆಡ್ರೀ ಹೆಪ್‌ಬರ್ನ್, ಕ್ಯಾಥರೀನ್ ಹೆಪ್‌ಬರ್ನ್, ಡೋರಿಸ್ ಡೇ, ಸಾಮಾನ್ಯರಲ್ಲ.

ಅದೇ ವರ್ಷದಲ್ಲಿ, ಅದೇ ಊರಿನಲ್ಲಿ, ಆಕೆಯ ಮನೆಗೆ ಬೆಂಕಿಯೂ ಬಿತ್ತು. ಮೊಂತಾನನು ಮರ್ಲಿನ್ ಮನ್ರೋಳೊಡನೆ ಚಿತ್ರವೊಂದರಲ್ಲಿ ನಟಿಸುತ್ತಿದ್ದನು. ಬೆವರ್ಲಿ ಹಿಲ್ಸಿನ ಹೋಟಲಿನಲ್ಲಿ ಈ ದಂಪತಿಗಳೂ ಮನ್ರೋ ಮತ್ತು ಅವಳ ಪತಿ ನಾಟಕಕಾರ ಆರ್ಥರ್ ಮಿಲ್ಲರನೂ ಅಕ್ಕಪಕ್ಕದ ಬಿಡಾರಗಳಲ್ಲಿ ಇಳಿದಿದ್ದರು. ಹೆಂಗಸರಿಬ್ಬರೂ ಸ್ನೇಹಿತೆಯರಾದರು. ವಾರಕ್ಕೊಮ್ಮೆ ಮುದುಕಿಯೊಬ್ಬಳು ಬಂದು, ಅಡಿಗೆಮನೆಯಲ್ಲಿ ಇಬ್ಬರನ್ನೂ ಕೂರಿಸಿಕೊಂಡು, ಕೂದಲಿನ ಬುಡಕ್ಕೆ ಬಣ್ಣ ಹಚ್ಚುತ್ತಿದ್ದಳಂತೆ. ಹಿಂದಿನ ತಲೆಮಾರಿನ ತಾರೆ ಜೀನ್ ಹಾರ್ಲೋಳ ಕೂದಲಿಗೂ ತಾನೇ ಬಣ್ಣ ಹಚ್ಚಿದವಳೆಂದು ಆ ಮುದುಕಿಯ ಹೆಮ್ಮೆ. ಈ ಚಿತ್ರವು ನನಗೆ ಬಹಳ ಪ್ರಿಯವಾದುದು: ಲೋಕದ ಇಬ್ಬರು ಚೆಲುವೆಯರು ತಲೆಗೆ ಬಣ್ಣ ಮೆತ್ತಿಕೊಂಡು, ನೆರೆಹೊರೆಯ ಹೆಂಗಸರಂತೆ ಮಾತನಾಡುತ್ತ ಕುಳಿತಿದ್ದಾರೆ. ಸಿಮೋನಳು ಹುಟ್ಟಿನಿಂದ ವಿರಕ್ತಳೇನೂ ಆಗಿರಲಿಲ್ಲವೆಂದೂ ಇದರಿಂದ ತಿಳಿಯುತ್ತದೆ. ಅಷ್ಟರಲ್ಲಿ ಇಟಲಿಯಲ್ಲಿ ಒಪ್ಪಿಕೊಂಡಿದ್ದ ಚಿತ್ರಕ್ಕಾಗಿ ಆಕೆ ಹೊರಟುಹೋದಳು, ಮಿಲ್ಲರನೂ ಊರಲ್ಲಿರಲಿಲ್ಲ. ಉಳಿದಿಬ್ಬರ ಪ್ರಣಯವು ಲೋಕದ ಪತ್ರಿಕೆಗಳಿಗೆಲ್ಲ ಸುಗ್ಗಿಯಾಯಿತು.

ಬೀದಿಬೀದಿಯಲ್ಲಿ ತನ್ನ ಗಂಡನ ಸುದ್ದಿಯು ಕಾಸಿಗೊಂದರಂತೆ ಮಾರಾಟವಾಗುವಾಗ ಹೆಂಡತಿಯಾದವಳು ಏನು ಮಾಡಬೇಕು? ಆಕೆ ಪತ್ರಿಕೆಯವರೆದುರಿಗೆ ಅಳಲಿಲ್ಲ, ಮನ್ರೋಳನ್ನು ಬಯ್ಯಲಿಲ್ಲ, ಮನೆಯನ್ನು ಮುರಿಯಲಿಲ್ಲ. ಮೊಂತಾನನು ಮನೆಗೆ ಹಿಂತಿರುಗಿದನು. ಎರಡು ವರ್ಷಗಳ ತರುವಾಯ ಮನ್ರೋ ಸತ್ತಳು. ತಾನು ಅವಳನ್ನು ದ್ವೇಷಿಸಿರಲಿಲ್ಲವೆಂಬುದು ಅವಳಿಗೆ ತಿಳಿಯದೆ ಹೋಯಿತಲ್ಲ ಎಂಬ ಅರ್ಥದಲ್ಲಿ ಸಿಮೋನಳು ಆತ್ಮಕಥೆಯಲ್ಲಿ ಬರೆದಿದ್ದಾಳೆ. ನೋವೇ ಆಗಲಿಲ್ಲವೆಂದು ನಾನು ನಂಬುವುದಿಲ್ಲ. ಗಂಡಂದಿರ ಅಚಾತುರ್ಯವನ್ನು ಕ್ಷಮಿಸುವ ಹೆಂಗಸರನ್ನು ಹೊಗಳುವುದು ಗಂಡಸರಿಗೆ ಸುಲಭವೆಂಬುದೂ ನನಗೆ ಗೊತ್ತು. ಆದುದರಿಂದ ಇಲ್ಲಿಗೆ ನಿಲ್ಲಿಸುತ್ತೇನೆ.

ಆ ವೇಳೆಗೆ ಆಕೆಗೆ ಮೂವತ್ತೊಂಬತ್ತು. ಅಲ್ಲಿಂದಾಚೆಗೆ ಮುಖವು ಬೇಗ ಬೇಗನೆ ಬದಲಾಯಿತು. ಗಂಡನ ಅಪಚಾರದಿಂದ ಹಾಗಾಯಿತೆಂದು ಲೋಕವು ಆಡಿಕೊಂಡಿತು. ಸಿಗರೇಟು ವಿಪರೀತ, ಮದ್ಯವೂ ಉಂಟು. ಕಾರಣವೇನಾದರೂ ಇರಲಿ, ನಟಿಯರಿಗೆ ಗೊತ್ತಿರುವ ಉಪಾಯಗಳು ಆಕೆಗೂ ಗೊತ್ತಿದ್ದುವು: ಶಸ್ತ್ರಚಿಕಿತ್ಸೆ, ದೀಪಗಳ ಜೋಡಣೆ, ಕ್ಯಾಮರಾದ ಕಣ್ಣಿಗೆ ಕಟ್ಟುವ ತೆಳುಬಟ್ಟೆ. ಇವುಗಳ ಮೊರೆ ಹೋಗಲಿಲ್ಲ. ನಟಿಯರಲ್ಲದ ಹೆಂಗಸರು ಹೇಗೆ ಮುದುಕಿಯರಾಗುತ್ತಾರೋ ಹಾಗೆಯೇ ತಾನೂ ಆದೆನೆಂಬುದು ಆಕೆಯ ಮಾತಿನ ತಾತ್ಪರ್ಯ. ಎಡವಿದುದೂ ಉಂಟು. 1966ರಲ್ಲಿ ಲಂಡನ್ನಿನ ರಂಗಭೂಮಿಯ ಮೇಲೆ ಆಲೆಕ್ ಗಿನೆಸ್ಸನೆದುರಿಗೆ ಲೇಡಿ ಮ್ಯಾಕ್‌ಬೆತ್ ಪಾತ್ರವನ್ನು ಧರಿಸಿ, ಷೇಕ್ಸ್‌ಪಿಯರನ ಇಂಗ್ಲಿಷು ನಾಲಗೆಗೆ ಒಗ್ಗದೆ, ವಿಮರ್ಶಕರಿಂದ ಚೆನ್ನಾಗಿ ಏಟು ತಿಂದಳು.

ನನ್ನ ಮಟ್ಟಿಗೆ ಆಕೆಯ ಅತ್ಯುತ್ತಮ ಚಿತ್ರಗಳು ಆಮೇಲಿನವೇ. 1969ರಲ್ಲಿ ಮೆಲ್ವಿಲ್ ಎಂಬವನು ತೆಗೆದ ‘ನೆರಳುಗಳ ಸೇನೆ’ ಎಂಬರ್ಥದ ಚಿತ್ರದಲ್ಲಿ ಜರ್ಮನರನ್ನು ಗುಪ್ತವಾಗಿ ಎದುರಿಸುವ ತಂಡದಲ್ಲಿರುವ ಮತಿಲ್ಡ್ ಎಂಬ ಗೃಹಿಣಿಯ ಪಾತ್ರ ಆಕೆಯದು. ನೋಡಲು ಪೇಟೆಗೆ ಹೊರಟ ಸಾಧಾರಣ ಹೆಂಗಸು. ಧೈರ್ಯದಲ್ಲಿ ತಂಡಕ್ಕೆಲ್ಲ ಮೇಲು. ಒಂದೇ ಒಂದು ದೌರ್ಬಲ್ಯ: ಕೈಚೀಲದಲ್ಲಿ ಮಗಳ ಭಾವಚಿತ್ರವನ್ನು ಇಟ್ಟುಕೊಂಡಿರುತ್ತಾಳೆ. ಅಪಾಯಕರ, ತೆಗೆದುಬಿಡು ಎಂದು ತಂಡದ ನಾಯಕನು ಎಚ್ಚರಿಸುತ್ತಾನೆ. ತೆಗೆಯಲಾರಳು. ಸೆರೆ ಸಿಕ್ಕಾಗ ಆ ಚಿತ್ರವೇ ಶತ್ರುವಿನ ಕೈಗೆ ಹಗ್ಗವಾಗುತ್ತದೆ. ಹೆಸರುಗಳನ್ನು ಹೇಳು, ಇಲ್ಲವಾದರೆ ಮಗಳಿಗೆ ದುರ್ಗತಿ ಎಂದು ಬೆದರಿಸುತ್ತಾರೆ. ಹೊರಗೆ ಬಿಟ್ಟ ಮೇಲೆ ಬೀದಿಯಲ್ಲಿ ನಡೆದು ಬರುತ್ತಿರುವಾಗ ಆಕೆಯ ಸ್ವಂತ ಗೆಳೆಯರೇ ಕಾರಿನಲ್ಲಿ ಬಂದು, ಬೇರೆ ದಾರಿಯಿಲ್ಲದೆ, ಗುಂಡು ಹಾರಿಸುತ್ತಾರೆ. ಗುಂಡು ತಗಲುವ ಮುನ್ನ ಆಕೆ ಅವರ ಗುರುತು ಹಿಡಿದು ನೋಡುವ ಒಂದು ನೋಟವಿದೆ. ಭಯವೋ, ಆಶ್ಚರ್ಯವೋ, ಒಪ್ಪಿಗೆಯೋ ಹೇಳಲಾಗದು. ಚಿನ್ನದ ಕೂದಲಿನ ಮಾರಿಯ ನುಣುಪಾದ ಮುಖದಲ್ಲಿ ಆ ನೋಟಕ್ಕೆ ನಿಲ್ಲಲು ಸ್ಥಳವಿರುತ್ತಿರಲಿಲ್ಲ.

1971ರ ‘ಲ ಷಾ’, ಎಂದರೆ ‘ಬೆಕ್ಕು’, ಎಂಬ ಚಿತ್ರದಲ್ಲಿ ಜಾಂ ಗಾಬಾನನೂ ಆಕೆಯೂ ಮುದಿ ದಂಪತಿಗಳು. ಹಿಂದೆ ಪ್ರೀತಿಸಿ ಮದುವೆಯಾದವರೇ; ಈಗ ಮುದುಕನ ಪ್ರೀತಿಯೆಲ್ಲ ಬೆಕ್ಕಿನ ಮೇಲೆ. ಮತ್ಸರ ತಾಳಲಾರದೆ ಹೆಂಡತಿಯು ಬೆಕ್ಕನ್ನು ಕೊಲ್ಲುತ್ತಾಳೆ. ಅಂದಿನಿಂದ ಆತನು ಮಾತು ಬಿಟ್ಟು, ಹೇಳಬೇಕಾದುದನ್ನು ಚೀಟಿಯಲ್ಲಿ ಬರೆದು ಎಸೆಯುತ್ತಾನೆ. ಸುತ್ತಲಿನ ಹಳೆಯ ಮನೆಗಳನ್ನೆಲ್ಲ ಕೆಡವುತ್ತಿದ್ದಾರೆ. ನಡುವೆ ಈ ಮನೆಯೊಂದು, ಅದರೊಳಗೆ ಮೌನ. ಬರ್ಲಿನ್ ಉತ್ಸವದಲ್ಲಿ ಇಬ್ಬರಿಗೂ ಬಹುಮಾನ ಬಂತು. ನಮ್ಮ ಮನೆಯ ಮೂರು ದಿನಗಳಲ್ಲಿ ಈ ಚಿತ್ರವು ಎಷ್ಟು ಸಲ ಕಣ್ಣ ಮುಂದೆ ಬಂದಿತೆಂಬುದನ್ನು ಹೇಳಬೇಕಾಗಿಲ್ಲ. ಸದ್ಯಕ್ಕೆ ನಮ್ಮಲ್ಲಿ ಬೆಕ್ಕಿಲ್ಲ.

ನನ್ನನ್ನು ಸಿಟ್ಟಿಗೆಬ್ಬಿಸಿದ ಚಿತ್ರವು 1977ರ ‘ಮದಾಂ ರೋಸಾ’. ರೊಮಾಂ ಗಾರಿಯು ಬೇರೆ ಹೆಸರಿನಲ್ಲಿ ಬರೆದ ಕಾದಂಬರಿಯೇ ಅದರ ಮೂಲ. ಔಷ್ವಿಟ್ಸಿನ ಮೃತ್ಯುಶಿಬಿರದಿಂದ ಬದುಕಿ ಬಂದ ಯೆಹೂದ್ಯ ಮುದುಕಿ ರೋಸಾ, ಹಿಂದೆ ವೇಶ್ಯೆಯಾಗಿದ್ದವಳು, ಈಗ ವೇಶ್ಯೆಯರ ಮಕ್ಕಳನ್ನು ಹಣಕ್ಕೆ ಸಾಕುತ್ತಾಳೆ. ಹಣ ನಿಂತರೂ ಸಾಕುತ್ತಾಳೆ. ಅವರಲ್ಲಿ ಮೋಮೋ ಎಂಬ ಅರಬ ಹುಡುಗನು ಆಕೆಯ ಅಂತ್ಯದವರೆಗೆ ಕೈಬಿಡದವನು. ನೆಲಮಾಳಿಗೆಯಲ್ಲಿ ಆಕೆಗೊಂದು ಗುಪ್ತ ಸ್ಥಳವುಂಟು. ಯುದ್ಧ ಮುಗಿದು ಮೂವತ್ತು ವರ್ಷಗಳಾದರೂ ರಾತ್ರಿ ಹೆದರಿಕೆಯಾದರೆ ಅಲ್ಲಿಗಿಳಿದು ಕೂರುತ್ತಾಳೆ. ಆ ಪಾತ್ರವನ್ನು ವಹಿಸುವಾಗ ಸಿಮೋನಳಿಗೆ ಐವತ್ತಾರು ವರ್ಷ. ಕಾಣುವುದು ಅದಕ್ಕಿಂತ ಹತ್ತು ಹೆಚ್ಚು. ತಂದೆಯ ಹೆಸರನ್ನು ಬಚ್ಚಿಟ್ಟು ಬದುಕುಳಿದ ಹುಡುಗಿಯು ಬಚ್ಚಿಟ್ಟುಕೊಳ್ಳಲಾಗದೆ ಸಿಕ್ಕಿಬಿದ್ದ ಒಬ್ಬಳ ಮುದಿತನವನ್ನು ತನ್ನ ಮುಖದ ಮೇಲೆ ಹೊತ್ತಿದ್ದಾಳೆಂಬುದು ಅಂದು ನನಗೆ ಹೊಳೆಯಲಿಲ್ಲ. ಚಿತ್ರಕ್ಕೆ ಆಸ್ಕರ್ ಬಂತು. ಆಕೆಗೆ ಫ್ರಾನ್ಸಿನ ಸೆಸಾರ್ ಬಹುಮಾನವು ಬಂತು. ನಾನು ಮಾತ್ರ ಹಳೆಯ ಚಿನ್ನದ ಕೂದಲನ್ನು ಹುಡುಕುತ್ತ ಕುಳಿತಿದ್ದೆನು.

1976ರಲ್ಲಿ ಬಂದ ಆತ್ಮಕಥೆಯ ಹೆಸರನ್ನು ಕನ್ನಡಿಸುವುದಾದರೆ ‘ಗತಕಾಲದ ಹಂಬಲವೂ ಈಗ ಮೊದಲಿನಂತಿಲ್ಲ’ ಎನ್ನಬಹುದು. ಆ ಹೆಸರಿನಲ್ಲಿಯೇ ಆಕೆಯ ನಗೆಯಿದೆ. ಕಡೆಗಾಲದಲ್ಲಿ ದೃಷ್ಟಿಯು ಮಂದವಾಯಿತು. 1985ರಲ್ಲಿ ‘ಅದ್ಯೂ ವೊಲೋದ್ಯಾ’ ಎಂಬ ಕಾದಂಬರಿಯು ಪ್ರಕಟವಾಯಿತು; ಪೂರ್ವ ಯೂರೋಪಿನಿಂದ ಓಡಿಬಂದು ಪ್ಯಾರಿಸಿನಲ್ಲಿ ನೆಲೆಸಿದ ಬಡ ಯೆಹೂದ್ಯ ಕುಟುಂಬಗಳ ಕಥೆ. ಎಂದರೆ, ಬಿಟ್ಟುಬಿಟ್ಟಿದ್ದ ತಂದೆಯ ಹೆಸರಿನ ಕಡೆಯವರ ಕಥೆ. ಅದೇ ವರ್ಷ ಸೆಪ್ಟೆಂಬರ್ 30ರಂದು, ನಾರ್ಮಂಡಿಯ ಓತೇಯ್ ಗ್ರಾಮದ ತನ್ನ ಮನೆಯಲ್ಲಿ, ಅರ್ಬುದರೋಗದಿಂದ ತೀರಿಕೊಂಡಳು. ಅರವತ್ತನಾಲ್ಕು ವರ್ಷ ವಯಸ್ಸು. ಪ್ಯಾರಿಸಿನ ಪೇರ್ ಲಶೇಸ್ ಸ್ಮಶಾನದಲ್ಲಿ ಸಮಾಧಿಯಿದೆ. 1991ರಲ್ಲಿ ಸತ್ತ ಮೊಂತಾನನೂ ಅಲ್ಲಿಯೇ ಪಕ್ಕದಲ್ಲಿದ್ದಾನೆ.

ನಾಲ್ಕನೆಯ ದಿನ ಸಂಜೆ ನಾನು ಮಗನಿಗೆ ಹೇಳಿ ಟೆಲಿವಿಷನ್ನಿನಲ್ಲಿ ‘ಮದಾಂ ರೋಸಾ’ವನ್ನು ಹಾಕಿಸಿದೆನು. ಏನನ್ನೂ ವಿವರಿಸಲಿಲ್ಲ. ನನ್ನ ಗೃಹಿಣಿಯು ಹುರುಳಿಕಾಯಿಯ ನಾರು ತೆಗೆಯುತ್ತ ಮೊದಲು ಓರೆಯಾಗಿ ನೋಡುತ್ತಿದ್ದಳು. ಆಮೇಲೆ ಹುರುಳಿಕಾಯಿಯನ್ನು ಬಿಟ್ಟು ನೋಡಿದಳು. ಫ್ರೆಂಚ್ ಭಾಷೆಯಾಗಲಿ, ಕೆಳಗಿನ ಇಂಗ್ಲಿಷ್ ಅಕ್ಷರಗಳ ಓಟವಾಗಲಿ ಅವಳಿಗೆ ಅಡ್ಡಿಯಾದಂತೆ ಕಾಣಲಿಲ್ಲ. ಮುಗಿದ ಮೇಲೆ, “ಪಾಪ, ಆ ಮೆಟ್ಟಲು ಹತ್ತುವುದರಲ್ಲೇ ಅರ್ಧ ಪ್ರಾಣ ಹೋಯಿತು ಆಯಮ್ಮನಿಗೆ,” ಎಂದಳು. ತುಸು ಹೊತ್ತು ಬಿಟ್ಟು, “ಚೆಲುವೆ,” ಎಂದಳು. ನಾನು ಮೊಬೈಲಿನಲ್ಲಿ ‘ಕಾಸ್ಕ್ ದೋರ್’ ಕಾಲದ ಚಿತ್ರವೊಂದನ್ನು ಹುಡುಕಿ, ಇವಳೇ ಅವಳು ಎಂದು ತೋರಿಸಿದೆನು. ನೋಡಿ, “ಇದೂ ಚೆನ್ನಾಗಿದೆ,” ಎಂದು ಹಿಂದಕ್ಕೆ ಕೊಟ್ಟಳು.

ಆಮೇಲೆ, “ಆ ಫೋಟೋದ ಹುಡುಗನ ಹತ್ತಿರ ತಿದ್ದದೆ ಇರುವುದು ಉಳಿದಿದೆಯೇ ಕೇಳಿ,” ಎಂದಳು. ಕೇಳಿದೆನು. ಇದೆ ಎಂದನು, ಇದುವರೆಗೆ 'ತಿದ್ದಿಲ್ಲ, ಇನ್ನೂ ತಿದ್ದು' ಎಂದವರೇ ಹೊರತು ತಿದ್ದದ್ದನ್ನು ಕೊಡು ಎಂದವರು ಯಾರೂ ಇಲ್ಲವೆಂದು ಆಶ್ಚರ್ಯಪಟ್ಟನು. ಎರಡು ದಿನಗಳಲ್ಲಿ ಪ್ರತಿ ಬಂತು. ಕಣ್ಣಂಚಿನ ಸುಕ್ಕುಗಳು, ಬಾಯಿಯ ಗೆರೆಗಳು, ಬುಗುರಿಯ ಗಾಯ, ಎಲ್ಲವೂ ತಮ್ಮ ತಮ್ಮ ಸ್ಥಾನದಲ್ಲಿದ್ದುವು. ಅವಳು ಎರಡು ಚಿತ್ರಗಳನ್ನೂ ಪಕ್ಕಪಕ್ಕದಲ್ಲಿಟ್ಟು ಬಹಳ ಹೊತ್ತು ನೋಡಿ, ಹಳೆಯದರಲ್ಲಿ ಅವಳ ಪಕ್ಕಕ್ಕೆ ನಿಂತಿದ್ದ ನನ್ನ ಮೇಲೆ ಬೆರಳಿಟ್ಟಳು.

“ಇವರ ಹುಬ್ಬು ಯಾವಾಗ ಕಪ್ಪಾಯಿತು?”

ನಾನು ಆ ವರೆಗೆ ಅದನ್ನು ಗಮನಿಸಿರಲೇ ಇಲ್ಲ.